ಅಪೀಲೋ, ರಿವಿಜನ್ನೋ, ಕ್ವಾಶ್ ಅರ್ಜಿಯೋ? ಮೊದಲು ಕೈಯಲ್ಲಿರುವ ಕಾಗದ ನೋಡಿ

ಹೋದ ಡಿಸೆಂಬರಿನಲ್ಲಿ ರಾಯಬಾಗ ಕಡೆಯ ಹಿರಿಯರೊಬ್ಬರು ನಮ್ಮ ಆಫೀಸಿಗೆ ಬಂದರು. ಕೈಯಲ್ಲಿ ಗೊಬ್ಬರದ ಅಂಗಡಿಯ ಪ್ಲಾಸ್ಟಿಕ್ ಚೀಲ. ಅದರೊಳಗೆ ಮಡಚಿ ಮಡಚಿ ಅಂಚು ಹರಿದ ತೀರ್ಪು. ಚೆಕ್ ಬೌನ್ಸ್ ಕೇಸು. ಜೆಎಂಎಫ್‌ಸಿ (ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್) ಕೋರ್ಟು ಮಗನಿಗೆ ನಾಲ್ಕೂವರೆ ಲಕ್ಷ ದಂಡ ಹಾಕಿತ್ತು, ಕಟ್ಟದಿದ್ದರೆ 6 ತಿಂಗಳು ಸಾದಾ ಸಜೆ. ಕೂಡುವ ಮೊದಲೇ ಶುರು ಮಾಡಿದರು: "ಸಾಹೇಬ್ರ, ನೆಟ್ಟಗ ಧಾರವಾಡ ಹೈಕೋರ್ಟಿಗೇ ಹೋಗೂಣ್ರಿ. ಖರ್ಚಿಂದು ಚಿಂತಿ ಮಾಡಬ್ಯಾಡ್ರಿ."

ನಾನು ಸಾಹೇಬನೂ ಅಲ್ಲ, ವಕೀಲನೂ ಅಲ್ಲ. ಬೆಳಗಾವಿಯಲ್ಲಿ ಒಬ್ಬ ವಕೀಲರ ಹತ್ತಿರ ಗುಮಾಸ್ತ. ವಾದ ಮಾಡುವುದು ಅವರ ಕೆಲಸ, ದಿನ ಎಣಿಸುವುದು ನನ್ನ ಕೆಲಸ. ಆ ಹಿರಿಯರ ಕೇಸು ಧಾರವಾಡಕ್ಕೆ ಹೋಗುವ ಮಾತೇ ಇರಲಿಲ್ಲ. ಜೆಎಂಎಫ್‌ಸಿ ಕೊಟ್ಟ ಶಿಕ್ಷೆಯ ಮೇಲೆ ಅಪೀಲು ನಮ್ಮ ಜಿಲ್ಲೆಯ ಸೆಷನ್ಸ್ ಕೋರ್ಟಿನಲ್ಲೇ. ದುಡ್ಡು ಇದೆ ಅಂತ ಮೆಟ್ಟಿಲು ಹಾರಲು ಬರುವುದಿಲ್ಲ. ಬಂದವರೆಲ್ಲ ಮೊದಲು ಕೇಳುವುದು ಯಾವ ಕೋರ್ಟು ದೊಡ್ಡದು ಅಂತ. ನಾನು ಮೊದಲು ಕೇಳುವುದು, ಕಾಗದ ತೋರಿಸಿ ಅಂತ. ಯಾವ ದಾರಿ ಅನ್ನುವುದನ್ನು ಮುಕ್ಕಾಲು ಪಾಲು ಆ ಕಾಗದವೇ ಹೇಳುತ್ತದೆ.

ಕ್ರಿಮಿನಲ್ ಕೇಸಿನ ದಪ್ಪ ಲೆಕ್ಕ ಹೀಗಿದೆ. ಕೇಸನ್ನು ಮುಗಿಸಿದ ತೀರ್ಪು ಬಂದಿದ್ದರೆ ಅಪೀಲು. ಕೇಸು ಇನ್ನೂ ಮುಗಿದಿಲ್ಲ, ಆದರೆ ನಡುವೆ ಬಂದ ಆದೇಶ ನಿಮ್ಮ ಬುಡಕ್ಕೇ ಬಂದಿದೆ ಅಂದರೆ ರಿವಿಜನ್. ಎರಡರಲ್ಲೂ ಕೂಡದ್ದು, ಅಥವಾ ಕೇಸು ಹಾಕಿದ್ದೇ ತಪ್ಪು ಅನ್ನುವಂಥದ್ದು ಇದ್ದರೆ ಹೈಕೋರ್ಟಿನಲ್ಲಿ ಕ್ವಾಶ್ (ರದ್ದು ಮಾಡಿ ಅನ್ನುವ) ಅರ್ಜಿ. ಬಿಡಿಸುತ್ತ ಹೋದರೆ ಮುಳ್ಳು ಜಾಸ್ತಿ.

ಅಪೀಲು

ಮೂರರಲ್ಲಿ ಗಟ್ಟಿ ದಾರಿ ಇದೇ. ಅಪೀಲಿನಲ್ಲಿ ಮೇಲಿನ ಕೋರ್ಟು ಇಡೀ ಕೇಸನ್ನು ಮತ್ತೆ ತೂಗುತ್ತದೆ. ಸಾಕ್ಷಿ ಏನಂದ, ಪಾಟೀಸವಾಲಿನಲ್ಲಿ ಎಲ್ಲಿ ತಡವರಿಸಿದ, ಪಂಚನಾಮೆಗೆ ಸಹಿ ಹಾಕಿದವರು ಸ್ಥಳದಲ್ಲಿ ಇದ್ದರೋ ಇಲ್ಲವೋ, ಎಲ್ಲವನ್ನೂ ಹೊಸದಾಗಿ ಓದಬಹುದು. ಬೇಕಾದರೆ ಹೆಚ್ಚಿನ ಸಾಕ್ಷ್ಯವನ್ನೂ ತೆಗೆದುಕೊಳ್ಳಬಹುದು. ರಿವಿಜನ್‌ನಲ್ಲಿ ಇಷ್ಟು ಆಳಕ್ಕೆ ಇಳಿಯುವುದಿಲ್ಲ. ಹಾಗಾಗಿ ಅಪೀಲಿನ ಹಕ್ಕು ಇರುವಾಗ ಅದನ್ನು ಬಿಟ್ಟು ರಿವಿಜನ್ ಹಾಕುತ್ತೇನೆ ಅನ್ನುವುದು ಎತ್ತು ಬಿಟ್ಟು ಕೈಯಿಂದ ನೇಗಿಲು ಎಳೆದ ಹಾಗೆ. ಕಾನೂನೂ ಬಿಡುವುದಿಲ್ಲ. ಅಪೀಲು ಹಾಕಬಹುದಾಗಿದ್ದವನು ಹಾಕದೆ ರಿವಿಜನ್‌ಗೆ ಬಂದರೆ ಅದು ನಡೆಯುವುದಿಲ್ಲ. ತಪ್ಪು ತಿಳಿದು ಹಾಗೆ ಮಾಡಿದ್ದರೆ ಹೈಕೋರ್ಟು ಅದನ್ನೇ ಅಪೀಲೆಂದು ತೆಗೆದುಕೊಳ್ಳಬಹುದು, ಆದರೆ ಅದು ಕೋರ್ಟಿನ ಮರ್ಜಿ.

ಅಪೀಲು ಎಲ್ಲಿ? ಮ್ಯಾಜಿಸ್ಟ್ರೇಟ್ ಶಿಕ್ಷೆ ಕೊಟ್ಟಿದ್ದರೆ ಸೆಷನ್ಸ್ ಕೋರ್ಟಿಗೆ, 30 ದಿನದೊಳಗೆ. ಸೆಷನ್ಸ್ ಕೋರ್ಟೇ ವಿಚಾರಣೆ ಮಾಡಿ ಶಿಕ್ಷೆ ಕೊಟ್ಟಿದ್ದರೆ ಹೈಕೋರ್ಟಿಗೆ, 60 ದಿನದೊಳಗೆ. ಮರಣದಂಡನೆಯಾದರೆ ಮಾತ್ರ ಅಲ್ಲೂ 30 ದಿನ. ತಪ್ಪು ಒಪ್ಪಿಕೊಂಡು ಶಿಕ್ಷೆ ಪಡೆದವರಿಗೆ ದಾರಿ ಬಹಳ ಕಿರಿದು: ಹೈಕೋರ್ಟೇ ಶಿಕ್ಷೆ ಕೊಟ್ಟಿದ್ದರೆ ಅಪೀಲೇ ಇಲ್ಲ, ಕೆಳಗಿನ ಕೋರ್ಟು ಕೊಟ್ಟಿದ್ದರೆ ಶಿಕ್ಷೆಯ ಪ್ರಮಾಣ ಮತ್ತು ಅದು ಕಾನೂನುಬದ್ಧವೋ ಅನ್ನುವಷ್ಟಕ್ಕೆ. "ಒಪ್ಪಿಕೊಂಡು ಮುಗಿಸಿಬಿಡಿ" ಅಂತ ಕೋರ್ಟಿನ ಕಟ್ಟೆಯ ಮೇಲೆ ಸಲಹೆ ಕೊಡುವವರು ಇದನ್ನು ಹೇಳುವುದಿಲ್ಲ.

ಜೈಲು ಶಿಕ್ಷೆ ಆದ ದಿನ ಮನೆಯವರಿಗೆ ಕಾಡುವುದು ಒಂದೇ ಚಿಂತೆ: ಇವತ್ತು ರಾತ್ರಿ ಮನೆಗೆ ಬರುತ್ತಾನೋ ಇಲ್ಲವೋ. ಶಿಕ್ಷೆ 3 ವರ್ಷದೊಳಗಿದ್ದು, ಆರೋಪಿ ಅಲ್ಲಿಯವರೆಗೆ ಜಾಮೀನಿನಲ್ಲಿದ್ದರೆ, ಶಿಕ್ಷೆ ಕೊಟ್ಟ ಕೋರ್ಟೇ ಅಪೀಲು ಹಾಕುವ ಮಟ್ಟಿಗೆ ಅವನನ್ನು ಜಾಮೀನಿನ ಮೇಲೆ ಬಿಡುತ್ತದೆ. ಬೇಡ ಅನ್ನಬೇಕಾದರೆ ಅದಕ್ಕೆ ವಿಶೇಷ ಕಾರಣ ಇರಬೇಕು. ತೀರ್ಪು ಓದಿದ ತಕ್ಷಣ ಅರ್ಜಿ ಕೊಡಬೇಕು, ಮಧ್ಯಾಹ್ನ ಊಟ ಮಾಡಿ ಬರೋಣ ಅಂದರೆ ತಡ. ನಾವಂತೂ ತೀರ್ಪಿನ ದಿನ ಅರ್ಜಿ ಟೈಪ್ ಮಾಡಿ, ಶ್ಯೂರಿಟಿಯವರನ್ನು (ಜಾಮೀನುದಾರರನ್ನು) ಅವರ ಹೊಲದ ಉತಾರದ (ಪಹಣಿಯ) ಜೊತೆ ಕೂಡಿಸಿಕೊಂಡೇ ಕೋರ್ಟಿಗೆ ಹೋಗುತ್ತೇವೆ. ನಿರ್ದೋಷಿ ಅಂತ ಬಿಡುಗಡೆಯಾದರೆ ಆ ಅರ್ಜಿ ಹರಿದು ಬಿಸಾಕುವುದೇ ಒಂದು ಸಂತೋಷ. ಈ ಜಾಮೀನು ತಾತ್ಕಾಲಿಕ. ಅಪೀಲು ಹಾಕಿದ ಮೇಲೆ ಶಿಕ್ಷೆ ಅಮಾನತಿನಲ್ಲಿಡಲು ಮೇಲಿನ ಕೋರ್ಟಿನಲ್ಲಿ ಬೇರೆ ಅರ್ಜಿ ಹಾಕಬೇಕು.

ಚೆಕ್ ಕೇಸಿನವರಿಗೆ ಇನ್ನೊಂದು ಹೊಡೆತ. 2018ರ ತಿದ್ದುಪಡಿಯ ಪ್ರಕಾರ, ಅಪೀಲು ಕೋರ್ಟು ದಂಡ ಅಥವಾ ಪರಿಹಾರದ ಕನಿಷ್ಠ ಶೇ. 20ರಷ್ಟನ್ನು ಠೇವಣಿ ಇಡಲು ಹೇಳಬಹುದು. 60 ದಿನ ಕೊಡುತ್ತಾರೆ, ಕಾರಣ ತೋರಿಸಿದರೆ ಇನ್ನೂ 30 ದಿನ. ನಾಲ್ಕೂವರೆ ಲಕ್ಷಕ್ಕೆ 90,000 ರೂಪಾಯಿ. ತೀರಾ ಅನ್ಯಾಯವಾಗುವ ಸಂದರ್ಭ ಇದ್ದರೆ ಇದನ್ನು ಬಿಡಬಹುದು ಅಂತ ಸುಪ್ರೀಂ ಕೋರ್ಟು 2023ರಲ್ಲಿ ಹೇಳಿದೆ. ಆದರೆ ಅದು ಕೈಗೆ ಬಂದ ಹಾಗೇ ಅಂತ ತಿಳಿಯಬೇಡಿ. ದುಡ್ಡು ಹೊಂದಿಸಿಕೊಂಡೇ ಅಪೀಲಿಗೆ ಇಳಿಯಿರಿ.

ಜೈಲಿನಲ್ಲಿರುವವರು ಅಪೀಲಿಗಾಗಿ ಹೊರಗೆ ಬರಬೇಕಿಲ್ಲ. ಹಿಂಡಲಗಾ ಜೈಲಿರಲಿ, ವಿಜಯಪುರದ ದರ್ಗಾ ಜೈಲಿರಲಿ, ಜೈಲಿನ ಅಧಿಕಾರಿಯ ಕೈಗೆ ಅಪೀಲು ಅರ್ಜಿ ಮತ್ತು ನಕಲು ಕೊಟ್ಟರೆ ಅವರು ಕೋರ್ಟಿಗೆ ಕಳಿಸುತ್ತಾರೆ. ಬಂಧನದಲ್ಲಿರುವವರು, ಹೆಣ್ಣುಮಕ್ಕಳು, ಪರಿಶಿಷ್ಟ ಜಾತಿ-ಪಂಗಡದವರು ಕಾನೂನು ಸೇವಾ ಪ್ರಾಧಿಕಾರದಿಂದ ಪುಕ್ಕಟೆ ವಕೀಲರನ್ನು ಪಡೆಯಬಹುದು. ಸಹಾಯವಾಣಿ 15100.

ಆರೋಪಿ ಬಿಡುಗಡೆ ಆದರೆ ಅಪೀಲಿಗೆ ಯಾರು ಹೋಗಬಹುದು?

ಪೆಟ್ಟು ತಿಂದವನು, ಮಗನನ್ನು ಕಳೆದುಕೊಂಡ ತಾಯಿ, ಇವರು ಹಿಂದೆ ಸರ್ಕಾರದ ಮುಖ ನೋಡುತ್ತ ಕೂಡಬೇಕಿತ್ತು. ಸರ್ಕಾರ ಅಪೀಲು ಹಾಕಿದರೆ ಉಂಟು, ಇಲ್ಲದಿದ್ದರೆ ಇಲ್ಲ. 2009ರ ಡಿಸೆಂಬರ್ 31ರಿಂದ ಜಾರಿಗೆ ಬಂದ ತಿದ್ದುಪಡಿ ಸಂತ್ರಸ್ತರಿಗೇ ಅಪೀಲಿನ ಹಕ್ಕು ಕೊಟ್ಟಿತು. ಈ ಹಕ್ಕಿನ ಗಡಿ ಗುರುತು ಮಾಡಿದ ಕೇಸು ನಮ್ಮ ಕಡೆಯದೇ. ಬಾಗಲಕೋಟೆ ಸೆಷನ್ಸ್ ಕೋರ್ಟು 2013ರಲ್ಲಿ ಆರೋಪಿಗಳನ್ನು ಬಿಟ್ಟಿತು. ಹಲ್ಲೆಗೊಳಗಾದವರು ಹೈಕೋರ್ಟಿಗೆ ಹೋದರು. ಘಟನೆ ತಿದ್ದುಪಡಿಗಿಂತ ಹಿಂದಿನದು, ನಿಮಗೆ ಹಕ್ಕಿಲ್ಲ ಎಂದು ಅಪೀಲು ತಿರುಗಿ ಬಂತು. ಅವರು ತೀರಿಕೊಂಡ ಮೇಲೂ ಅವರ ಕಡೆಯವರು ಬಿಡಲಿಲ್ಲ. 2018ರಲ್ಲಿ ಸುಪ್ರೀಂ ಕೋರ್ಟು ಹೇಳಿತು: ಲೆಕ್ಕಕ್ಕೆ ಬರುವುದು ಬಿಡುಗಡೆಯ ತೀರ್ಪಿನ ದಿನ, ಘಟನೆಯ ದಿನ ಅಲ್ಲ, ಸಂತ್ರಸ್ತರು ಅಪೀಲು ಹಾಕಲು ಮೊದಲು ಹೈಕೋರ್ಟಿನ ಅನುಮತಿ ಕೇಳಬೇಕಾಗಿಯೂ ಇಲ್ಲ. ದೇಶದ ಯಾವ ಮೂಲೆಯಲ್ಲಿ ಸಂತ್ರಸ್ತರು ಅಪೀಲು ಹಾಕಿದರೂ ಈ ಬಾಗಲಕೋಟೆ ಕೇಸಿನ ಹೆಸರು ಬರುತ್ತದೆ. ನಮ್ಮ ಮಂದಿಗೇ ಅದು ಗೊತ್ತಿಲ್ಲ!

ಈ ಹಕ್ಕು ಮೂರಕ್ಕೆ ಮಾತ್ರ: ಬಿಡುಗಡೆ ಆದಾಗ, ಸಣ್ಣ ಅಪರಾಧಕ್ಕೆ ಇಳಿಸಿ ಶಿಕ್ಷೆ ಕೊಟ್ಟಾಗ, ಪರಿಹಾರ ಕಮ್ಮಿಯಾದಾಗ. "ಶಿಕ್ಷೆ ಸಾಲದು, ಇನ್ನೂ ಹಾಕಿ" ಅಂತ ಸಂತ್ರಸ್ತರು ಅಪೀಲು ಹಾಕಲು ಬರುವುದಿಲ್ಲ. ಅದು ಸರ್ಕಾರದ ಪಾಲಿನದು.

ಚೆಕ್ ಕೇಸಿನಲ್ಲಿ ಆರೋಪಿ ಬಿಡುಗಡೆಯಾದರೆ ದೂರುದಾರ ಮೊದಲು ಹೈಕೋರ್ಟಿನ ವಿಶೇಷ ಅನುಮತಿ ತೆಗೆದುಕೊಂಡೇ ಅಪೀಲು ಹಾಕಬೇಕಿತ್ತು. ಎರಡು ಲಕ್ಷದ ಚೆಕ್ಕಿಗೆ ಅಥಣಿಯಿಂದ ಧಾರವಾಡಕ್ಕೆ ಓಡಾಟ. 2025ರಲ್ಲಿ ಸುಪ್ರೀಂ ಕೋರ್ಟು, ಚೆಕ್ ಕೇಸಿನ ದೂರುದಾರನೂ ಸಂತ್ರಸ್ತನೇ, ಅವನೂ ಆ ಹಕ್ಕಿನಲ್ಲಿ ಅಪೀಲು ಹಾಕಬಹುದು ಅಂದಿತು. ಜೆಎಂಎಫ್‌ಸಿ ತೀರ್ಪಾದರೆ ಅದು ಸೆಷನ್ಸ್‌ಗೆ ಬರುತ್ತದೆ. ನಮ್ಮಂಥ ಉದ್ದನೆಯ ಜಿಲ್ಲೆಗೆ ಇದು ದೊಡ್ಡ ಉಪಕಾರ.

ರಿವಿಜನ್

ರಿವಿಜನ್‌ನಲ್ಲಿ ಮೇಲಿನ ಕೋರ್ಟು ನೋಡುವುದು ಕೆಳಗಿನವರು ಕಾನೂನಿನ ಹಳಿ ಬಿಟ್ಟರಾ ಅಂತ. ಸಾಕ್ಷಿಯನ್ನು ಮತ್ತೆ ತೂಗುವುದಿಲ್ಲ. ತೀರ್ಮಾನ ಯಾರೂ ಒಪ್ಪಲಾಗದಷ್ಟು ವಿಪರೀತವಾಗಿದ್ದರೆ ಕೈ ಹಾಕುತ್ತಾರೆ. 90 ದಿನ ಕಾಲಾವಕಾಶ. ಬಿಡುಗಡೆಯನ್ನು ರಿವಿಜನ್‌ನಲ್ಲಿ ನೇರ ಶಿಕ್ಷೆಯನ್ನಾಗಿ ಮಾಡುವಂತಿಲ್ಲ, ಹೆಚ್ಚೆಂದರೆ ಮರುವಿಚಾರಣೆಗೆ ಕಳಿಸಬಹುದು. ಇನ್ನೊಂದು ವ್ಯತ್ಯಾಸ ಬಹಳ ಮಂದಿಗೆ ಗೊತ್ತಿರುವುದಿಲ್ಲ. ಆರೋಪಿ ಹಾಕಿದ ಅಪೀಲಿನಲ್ಲಿ ಅವನ ಶಿಕ್ಷೆ ಹೆಚ್ಚಾಗುವಂತಿಲ್ಲ. ರಿವಿಜನ್‌ನಲ್ಲಿ ನೋಟಿಸ್ ಕೊಟ್ಟು, ಅವನ ಮಾತು ಕೇಳಿ, ಹೆಚ್ಚು ಮಾಡಲು ಕೋರ್ಟಿಗೆ ಅಧಿಕಾರ ಇದೆ.

ದೊಡ್ಡ ಗೋಡೆ ಅಂದರೆ ಮಧ್ಯಂತರ ಆದೇಶ. ಅದರ ಮೇಲೆ ರಿವಿಜನ್ ಇಲ್ಲ. ಯಾವುದು ಮಧ್ಯಂತರ ಅನ್ನುವುದಕ್ಕೆ 1977ರ ಮಧು ಲಿಮಯೆ ತೀರ್ಪಿನಿಂದ ಒಂದು ಅಳತೆ ಸಿಗುತ್ತದೆ. ನಾನು ಅದನ್ನು ಪಕ್ಷಗಾರರಿಗೆ ಹೀಗೆ ಕೇಳುತ್ತೇನೆ: ಕೋರ್ಟು ನಿಮ್ಮ ಮಾತು ಒಪ್ಪಿದ್ದರೆ ಕೇಸು ಅಲ್ಲೇ ಮುಗಿಯುತ್ತಿತ್ತಾ? ಮುಗಿಯುತ್ತಿತ್ತು ಅಂದರೆ ಅದು ಬರೀ ಮಧ್ಯಂತರ ಅಲ್ಲ. ಉದಾಹರಣೆಗೆ, "ನನ್ನ ಮೇಲೆ ಸಾಕ್ಷ್ಯವೇ ಇಲ್ಲ, ಕೇಸಿನಿಂದ ಬಿಡಿ" ಅಂತ ಡಿಸ್ಚಾರ್ಜ್ ಅರ್ಜಿ ಹಾಕಿದಿರಿ, ವಜಾ ಆಯಿತು. ಒಪ್ಪಿದ್ದರೆ ನಿಮ್ಮ ಪಾಲಿಗೆ ಕೇಸು ಮುಗಿದಿರುತ್ತಿತ್ತು. ಹಾಗಾಗಿ ರಿವಿಜನ್ ನಡೆಯುತ್ತದೆ. ಅದೇ "ಆ ಸಾಕ್ಷಿಯನ್ನು ಮತ್ತೆ ಕರೆಸಿ" ಅಂತ ಹಾಕಿದ ಅರ್ಜಿ ವಜಾ ಆದರೆ? ಒಪ್ಪಿದ್ದರೂ ಕೇಸು ಮುಂದುವರಿಯುತ್ತಿತ್ತು. ಅದು ಮಧ್ಯಂತರ, ರಿವಿಜನ್ ಇಲ್ಲ. ತಾರೀಖು ಮುಂದಕ್ಕೆ ಹಾಕಿದರು ಅಂತ ಸಿಟ್ಟಾಗಿ ಬರುವವರೂ ಇದ್ದಾರೆ. ಅವರಿಗೆ ಚಹಾ ಕುಡಿಸಿ ಕಳಿಸುತ್ತೇವೆ.

ಈಗ ನಿಜವಾದ ಆಯ್ಕೆ. ಮ್ಯಾಜಿಸ್ಟ್ರೇಟ್ ಆದೇಶದ ಮೇಲೆ ರಿವಿಜನ್ ಅನ್ನು ಸೆಷನ್ಸ್‌ನಲ್ಲೂ ಹಾಕಬಹುದು, ಹೈಕೋರ್ಟಿನಲ್ಲೂ ಹಾಕಬಹುದು. ಆದರೆ ಒಂದೇ ಕಡೆ. ಸೆಷನ್ಸ್‌ನಲ್ಲಿ ಸೋತವನೇ ಮತ್ತೆ ಹೈಕೋರ್ಟಿಗೆ ರಿವಿಜನ್ ಒಯ್ಯುವಂತಿಲ್ಲ. ಇದನ್ನು ಕೇಳಿದವರು ಕೂಡಲೇ "ಹಂಗಾದ್ರ ದೊಡ್ಡದಕ್ಕೇ ಹೋಗೂಣು" ಅನ್ನುತ್ತಾರೆ. ನನ್ನ ಅಭಿಪ್ರಾಯ ತಿರುಗಾಮುರುಗಾ. ಸೆಷನ್ಸ್‌ನಲ್ಲೇ ಹಾಕಿ. ರಿವಿಜನ್ ಮಟ್ಟಿಗೆ ಸೆಷನ್ಸ್ ನ್ಯಾಯಾಧೀಶರಿಗೂ ಹೈಕೋರ್ಟಿನಷ್ಟೇ ಅಧಿಕಾರ ಇದೆ. ಕೆಳಗಿನ ಕೋರ್ಟಿನ ಕಡತ ಬೇಗ ಬರುತ್ತದೆ. ಚಿಕ್ಕೋಡಿ, ಗೋಕಾಕ, ಜಮಖಂಡಿಯಂಥ ಕಡೆ ಹೆಚ್ಚುವರಿ ಸೆಷನ್ಸ್ ಕೋರ್ಟು ಇರುವುದರಿಂದ ಜಿಲ್ಲಾ ಕೇಂದ್ರಕ್ಕೂ ಓಡಾಡಬೇಕಾಗುವುದಿಲ್ಲ. ಸೋತರೆ ಹೈಕೋರ್ಟಿನ ಸಹಜ ಅಧಿಕಾರದ (ಮುಂದೆ ಹೇಳುವ ಕ್ವಾಶ್ ಅರ್ಜಿಯೂ ಇದರಡಿಯೇ) ಕಿಂಡಿಯೊಂದು ಉಳಿದಿರುತ್ತದೆ. ಅದು ನಿಜವಾಗಿಯೂ ಕಿಂಡಿಯೇ. ಎರಡನೇ ರಿವಿಜನ್‌ಗೆ ಬೇರೆ ಅಂಗಿ ತೊಡಿಸಿ ತಂದರೆ ವಾಪಸ್ ಕಳಿಸುತ್ತಾರೆ, ಘೋರ ಅನ್ಯಾಯ ಕಂಡರೆ ಮಾತ್ರ ನೋಡುತ್ತಾರೆ. ಆದರೂ ಇಲ್ಲದ್ದಕ್ಕಿಂತ ವಾಸಿ ಅಲ್ವಾ? ಮೊದಲೇ ಹೈಕೋರ್ಟಿಗೆ ಹೋಗಿ ಸೋತರೆ ಮುಂದೆ ದಿಲ್ಲಿಯೇ.

ಸೆಷನ್ಸ್ ಕೋರ್ಟೇ ಕೊಟ್ಟ ಆದೇಶವಾದರೆ ಈ ಆಯ್ಕೆ ಇಲ್ಲ, ಹೈಕೋರ್ಟೇ. ಆ ಹಿರಿಯರ ಮಗನಂಥ ಚೆಕ್ ಕೇಸಿನಲ್ಲಿ ಸೆಷನ್ಸ್‌ನಲ್ಲಿ ಅಪೀಲು ಸೋತರೂ ಹಾಗೇ: ಮುಂದಿನದು ಹೈಕೋರ್ಟಿನಲ್ಲಿ ರಿವಿಜನ್.

ಕ್ವಾಶ್ ಅರ್ಜಿ

ಇದಕ್ಕೆ ಕೋರ್ಟಿನ ಆವರಣದಲ್ಲಿ ಎಲ್ಲರೂ "ಫೋರ್ ಎಯ್ಟಿ ಟೂ" ಅಂತಲೇ ಅನ್ನುತ್ತಿದ್ದರು. ಹಳೇ ಸಿಆರ್‌ಪಿಸಿಯ (ದಂಡ ಪ್ರಕ್ರಿಯಾ ಸಂಹಿತೆಯ) 482ನೇ ಕಲಂ. 2024ರ ಜುಲೈ 1ರಿಂದ ಅದರ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂತು. ಅದೇ ಅಧಿಕಾರ ಈಗ 528ನೇ ಕಲಂ. ತಮಾಷೆ ಏನೆಂದರೆ ಹೊಸ ಕಾಯ್ದೆಯಲ್ಲಿ 482 ಅಂದರೆ ನಿರೀಕ್ಷಣಾ ಜಾಮೀನು! ಫೋನಿನಲ್ಲಿ ಯಾರಾದರೂ "ಫೋರ್ ಎಯ್ಟಿ ಟೂ ಹಾಕಿ" ಅಂದರೆ ಹಳೇದೋ ಹೊಸದೋ ಅಂತ ಎರಡು ಸಲ ಕೇಳುತ್ತೇನೆ. ಅಪೀಲು 374 ಇದ್ದದ್ದು 415 ಆಗಿದೆ, ರಿವಿಜನ್ 397 ಇದ್ದದ್ದು 438. ಹಳೆಯ 438 ಯಾವುದಾಗಿತ್ತು ಗೊತ್ತಾ? ಅದೂ ನಿರೀಕ್ಷಣಾ ಜಾಮೀನೇ. ನಮ್ಮ ಗೋಳು ಯಾರಿಗೆ ಹೇಳೋಣ.

ಈ ಅರ್ಜಿ ಹೈಕೋರ್ಟಿನಲ್ಲಿ ಮಾತ್ರ. ದೂರಿನಲ್ಲಿ ಬರೆದದ್ದನ್ನೆಲ್ಲ ನಿಜ ಅಂತ ಒಪ್ಪಿದರೂ ಅಪರಾಧವೇ ಆಗುವುದಿಲ್ಲ ಅನ್ನುವಾಗ, ಬರೀ ಸಿವಿಲ್ ಜಗಳಕ್ಕೆ ಕ್ರಿಮಿನಲ್ ಬಣ್ಣ ಹಚ್ಚಿದಾಗ, ಗಂಡ ಹೆಂಡತಿ ರಾಜಿಯಾಗಿ ಕೇಸು ಮುಗಿಸಬೇಕಾದಾಗ ಇದು ಕೆಲಸಕ್ಕೆ ಬರುತ್ತದೆ. "ಆ ಹೊತ್ತಿಗೆ ನಾನು ಊರಲ್ಲೇ ಇರಲಿಲ್ಲ, ಸಾಕ್ಷಿ ಇದೆ" ಅನ್ನುವಂಥವರಿಗೆ ಸಾಮಾನ್ಯವಾಗಿ ಇಲ್ಲಿ ಜಾಗ ಇಲ್ಲ. ಅದು ವಿಚಾರಣೆಯಲ್ಲಿ ಸಾಬೀತಾಗಬೇಕಾದ ಮಾತು. ಇಂತಿಷ್ಟೇ ದಿನ ಅನ್ನುವ ಮಿತಿ ಈ ಅರ್ಜಿಗಿಲ್ಲ, ಆದರೆ ಆರು ಸಾಕ್ಷಿ ಮುಗಿದ ಮೇಲೆ ಕ್ವಾಶ್‌ಗೆ ಹೋದರೆ ಇಷ್ಟು ದಿನ ಎಲ್ಲಿದ್ದಿರಿ ಅಂತ ಕೇಳದೆ ಬಿಡುವುದಿಲ್ಲ.

ಧಾರವಾಡವೋ ಕಲಬುರಗಿಯೋ

ಹೈಕೋರ್ಟು ಅಂದ ಕೂಡಲೇ ವಿಜಯಪುರದವರೂ ಧಾರವಾಡದ ಕಡೆ ಮುಖ ಮಾಡುತ್ತಾರೆ. ತಪ್ಪು. ಬೆಳಗಾವಿ, ಬಾಗಲಕೋಟೆ ಧಾರವಾಡ ಪೀಠಕ್ಕೆ ಸೇರಿವೆ, ವಿಜಯಪುರ ಕಲಬುರಗಿ ಪೀಠಕ್ಕೆ. ಎರಡು ಪೀಠಗಳೂ 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾಗಿ 2013ರಲ್ಲಿ ಕಾಯಂ ಆದವು. 1997ರಲ್ಲಿ ಬಾಗಲಕೋಟೆ ಬೇರೆ ಜಿಲ್ಲೆಯಾಗುವವರೆಗೂ ಅದೂ ವಿಜಯಪುರವೂ ಒಂದೇ ಮನೆ. ಈಗ ಆಲಮಟ್ಟಿಯ ಕೇಸು ಕಲಬುರಗಿಗೆ, ಸೇತುವೆ ದಾಟಿ ಸೀತಿಮನಿಯ ಕೇಸು ಧಾರವಾಡಕ್ಕೆ. ನಿಮ್ಮ ಮನೆ ಎಲ್ಲಿದೆ ಅನ್ನುವುದು ಮುಖ್ಯ ಅಲ್ಲ, ಆದೇಶ ಕೊಟ್ಟ ಕೋರ್ಟು ಯಾವ ಜಿಲ್ಲೆಯದು ಅನ್ನುವುದು ಮುಖ್ಯ.

ಒಂದು ಗುಮಾಸ್ತನ ಗುಟ್ಟು. ಹೈಕೋರ್ಟಿನ ಕೇಸ್ ನಂಬರು 100 ಅಂತ ಶುರುವಾಗುವ ಆರಂಕಿಯದಾದರೆ ಧಾರವಾಡ, 200 ಅಂತ ಶುರುವಾದರೆ ಕಲಬುರಗಿ. ವರ್ಷದಲ್ಲಿ ಕೇಸು ಜಾಸ್ತಿಯಾದರೆ 101, 102 ಅಂತಲೂ ಹೋಗುತ್ತದೆ, ಮೊದಲ ಅಂಕಿ ಮಾತ್ರ ಬದಲಾಗುವುದಿಲ್ಲ. ತಾರೀಖು ನೋಡಲು ಇ-ಕೋರ್ಟ್ಸ್‌ನಲ್ಲಿ ಹುಡುಕುವಾಗ ಪೀಠ ತಪ್ಪು ಆರಿಸಿ "ನಮ್ಮ ಕೇಸೇ ಇಲ್ಲ" ಅಂತ ಗಾಬರಿಯಾಗುವವರಿಗೆ ಇದು ಉಪಯೋಗಕ್ಕೆ ಬರುತ್ತದೆ.

ಈ ಲೆಕ್ಕಕ್ಕೆ ಸಿಗದ ಕೆಲವು

ಜಾಮೀನು ಸಿಗಲಿಲ್ಲ ಅಂದರೆ ಅಪೀಲೂ ಅಲ್ಲ, ರಿವಿಜನ್ನೂ ಅಲ್ಲ. ಮೇಲಿನ ಕೋರ್ಟಿನಲ್ಲಿ ಹೊಸ ಜಾಮೀನು ಅರ್ಜಿ. ಅಟ್ರಾಸಿಟಿ ಕೇಸಿನಲ್ಲಿ ಮಾತ್ರ ಬೇರೆ: ವಿಶೇಷ ಕೋರ್ಟು ಜಾಮೀನು ಕೊಡದಿದ್ದರೂ ಹೈಕೋರ್ಟಿಗೆ ಅಪೀಲನ್ನೇ ಹಾಕಬೇಕು, 90 ದಿನ. ಕೌಟುಂಬಿಕ ಹಿಂಸೆ ಕಾಯ್ದೆಯಲ್ಲಿ ಮ್ಯಾಜಿಸ್ಟ್ರೇಟ್ ಆದೇಶದ ಮೇಲೆ ಸೆಷನ್ಸ್‌ಗೆ ಅಪೀಲು, 30 ದಿನ. ಜೀವನಾಂಶದ ಆದೇಶ ಮ್ಯಾಜಿಸ್ಟ್ರೇಟರದಾದರೆ ರಿವಿಜನ್ ಸೆಷನ್ಸ್‌ನಲ್ಲಿ ಹಾಕಬಹುದು, ಫ್ಯಾಮಿಲಿ ಕೋರ್ಟಿನದಾದರೆ ಹೈಕೋರ್ಟಿನಲ್ಲಿ.

ನಕಲಿನ ಬೆನ್ನ ಮೇಲಿನ ಮೊಹರು

ಆ ಹಿರಿಯರ ಕಥೆಗೆ ಬರೋಣ. ಅವರು ಬಂದದ್ದು ಡಿಸೆಂಬರ್ 9ಕ್ಕೆ. ತೀರ್ಪು ನವೆಂಬರ್ 3ರದು. "30 ದಿನ ಮುಗೀತಂತಲ್ರಿ, ಹಿಂದಿನ ವಕೀಲ್ರ ಆಫೀಸಿನವ್ರು ಹಂಗಂದ್ರು" ಅಂತ ಮುಖ ಸಣ್ಣ ಮಾಡಿದರು. ಅದಕ್ಕೇ ಹೈಕೋರ್ಟು ಹೈಕೋರ್ಟು ಅನ್ನುತ್ತಿದ್ದರು ಅನ್ನುವುದು ನನಗೆ ಆಗ ತಿಳಿಯಿತು.

ನಾನು ಸರ್ಟಿಫೈಡ್ ಕಾಪಿಯನ್ನು ತಿರುವಿ ಹಾಕಿದೆ. ಕೊನೆಯ ಹಾಳೆಯ ಹಿಂದೆ ನಕಲು ಶಾಖೆಯ ನೀಲಿ ಮೊಹರು ಇರುತ್ತದೆ. ನಕಲಿಗೆ ಅರ್ಜಿ ಕೊಟ್ಟ ದಿನ, ನಕಲು ತಯಾರಾದ ದಿನ, ಕೈಗೆ ಕೊಟ್ಟ ದಿನ, ಇವನ್ನು ಪೆನ್ನಿನಿಂದ ತುಂಬಿರುತ್ತಾರೆ. ಅರ್ಜಿ ನವೆಂಬರ್ 10. ತಯಾರಾದದ್ದು 24. ತೆಗೆದುಕೊಂಡದ್ದು ಡಿಸೆಂಬರ್ 1. ತೀರ್ಪಿನ ದಿನ ಬಿಟ್ಟು 30 ದಿನ ಎಣಿಸಿದರೆ ಡಿಸೆಂಬರ್ 3. ನಕಲು ತಯಾರಾಗಲು ಹಿಡಿದ ದಿನಗಳನ್ನು ಲಿಮಿಟೇಶನ್ (ಕಾಲಮಿತಿ) ಕಾಯ್ದೆ ಲೆಕ್ಕದಿಂದ ತೆಗೆಯುತ್ತದೆ. 10ರಿಂದ 24ರವರೆಗೆ 15 ದಿನ. ಅಂದರೆ ಕೊನೆಯ ದಿನ ಡಿಸೆಂಬರ್ 18. ತಯಾರಾದ ಮೇಲೂ ತೆಗೆದುಕೊಳ್ಳದೆ ಬಿಟ್ಟ ಆ ಏಳು ದಿನ ಮಾತ್ರ ನಮ್ಮ ತಲೆಯ ಮೇಲೇ. ಅದಕ್ಕೆ ಕಾನೂನಿನಲ್ಲಿ ಮಾಫಿ ಇಲ್ಲ.

ಒಂದು ಎಚ್ಚರಿಕೆ. ಜೈಲು ಶಿಕ್ಷೆ ಆದಾಗ ತೀರ್ಪಿನ ಪ್ರತಿಯನ್ನು ಕೋರ್ಟೇ ಆರೋಪಿಗೆ ಅಂದೇ ಪುಕ್ಕಟೆ ಕೊಡುತ್ತದೆ. ಅಂಥ ಕೇಸಿನಲ್ಲಿ ಮೊಹರು ನಂಬಿ ಕೂಡಬೇಡಿ, ಮೊದಲ ದಿನದಿಂದಲೇ ಎಣಿಸಿ. ಇನ್ನು ದಿನ ನಿಜವಾಗಿಯೂ ಮೀರಿದ್ದರೆ ವಿಳಂಬ ಮನ್ನಾ ಅರ್ಜಿ ಹಾಕಬಹುದು. ಆಸ್ಪತ್ರೆಯ ಚೀಟಿ ಥರದ್ದು ಏನಾದರೂ ಇದ್ದರೆ ಜೊತೆಗಿಡಿ. ಬರೀ "ತಿಳಿದಿರಲಿಲ್ಲ" ಅಂದರೆ ನಡೆಯುವುದು ಕಷ್ಟ.

ಹಿರಿಯರು ಮೊಹರನ್ನು ಕಣ್ಣಿಗೆ ಹತ್ತಿರ ಹಿಡಿದು ಬಹಳ ಹೊತ್ತು ನೋಡಿದರು. "ಇಷ್ಟು ದಿನ ಹಿಂದ ಮುಂದ ತಿರುವಿ ನೋಡೇ ಇಲ್ರಿ" ಅಂದರು. ಡಿಸೆಂಬರ್ 16ಕ್ಕೆ ಸೆಷನ್ಸ್‌ನಲ್ಲಿ ಅಪೀಲು ಹಾಕಿದೆವು. ಶೇ. 20 ಕಟ್ಟಲು ಆದೇಶವಾಯಿತು. ಕಬ್ಬಿನ ಬಿಲ್ಲು ಬಂದ ವಾರ 90,000 ತಂದರು. ಅದನ್ನೂ ಅದೇ ಗೊಬ್ಬರದ ಚೀಲದಲ್ಲಿ.